ಫೆಲಿಕ್ಸಣ್ಣನ ತುಂಡು ಬೋರ್ಡುಗಳು

ಬೆಂಕಿಪೊಟ್ಟಣಕ್ಕಿಂತ ದೊಡ್ಡ ಸರ್ಕ್ಯೂಟ್ ಬೋರ್ಡನ್ನು ಫೆಲಿಕ್ಸಣ್ಣ ಮಾಡುತ್ತಲೇ ಇರಲಿಲ್ಲ. ಹಾನುಬಾಳಿನಲ್ಲಿ ಅವನದು ರಿಪೇರಿ ಅಂಗಡಿ. ಪಂಪಿನ ಸ್ಟಾರ್ಟರಿನ ಬೋರ್ಡು ಸುಟ್ಟುಹೋದರೆ, ಕಂಪ್ಯೂಟರಿನ ಮಾತು ಕೇಳುವ ಕೆತ್ತನೆ ಯಂತ್ರದಲ್ಲಿ ತಾಮ್ರದ ಹಾಳೆ ಕೊರೆದು ಹೊಸದು ಮಾಡಿಕೊಡುತ್ತಿದ್ದ. ಆದರೆ ಒಂದೇ ಬೋರ್ಡಲ್ಲ, ನಾಲ್ಕು ಪುಟ್ಟ ತುಂಡು, ನಡುವೆ ವೈರಿನ ಹೊಲಿಗೆ. ಯಂತ್ರಕ್ಕೆ ದಾರಿ ತೋರಿಸುವ ಸಾಫ್ಟ್‌ವೇರು, ದುಡ್ಡು ಕೊಟ್ಟು ಲೈಸೆನ್ಸ್ ಕೊಳ್ಳದವರಿಗೆ ಕೊರೆದುಕೊಡುತ್ತಿದ್ದುದು ಅಷ್ಟೇ ಅಳತೆ.

“ಏನಣ್ಣಾ, ಹರಿದ ಚಡ್ಡಿಗೆ ತೇಪೆ ಹಾಕ್ದಂಗೈತೆ!” ಎಂದು ಗಿರಾಕಿಗಳು ನಗುತ್ತಿದ್ದರು.

“ತೇಪೆ ಆದ್ರೇನು, ಚಡ್ಡಿ ನಂದೇ ಕಣೋ. ಕದ್ದಿದ್ದಲ್ಲ.”

ನಾನು ಕಾಫಿ ಎಸ್ಟೇಟಿನಲ್ಲಿ ಲೆಕ್ಕ ಬರೆಯುವ ರೈಟರ್ ಕೆಲಸದಿಂದ ನಿವೃತ್ತನಾಗಿ ದಿನಾ ಅವನ ಅಂಗಡಿಯ ಸ್ಟೂಲು ಸವೆಸುತ್ತಿದ್ದೆ. ಗೆಳೆಯನನ್ನು ನೋಡಿ ಜನ ನಗುವುದನ್ನು ನನಗೆ ಸಹಿಸಲಾಗಲಿಲ್ಲ. ಸಕಲೇಶಪುರದಿಂದ ಅದೇ ಸಾಫ್ಟ್‌ವೇರಿನ ಬೀಗ ಒಡೆದ ಕಳ್ಳ ಪ್ರತಿಯನ್ನು ಪೆನ್‌ಡ್ರೈವಿನಲ್ಲಿ ತಂದೆ. ಭಾನುವಾರ ಅವನು ಅಂಗಡಿ ನನಗೊಪ್ಪಿಸಿ ಚರ್ಚಿಗೆ ಹೋದಾಗ, ಅದನ್ನು ಹಾಕಿಬಿಟ್ಟೆ. ಬಂದವನಿಗೆ, “ಲೈಸೆನ್ಸ್ ಕೊಂಡೆ, ನನ್ನ ಉಡುಗೊರೆ,” ಎಂದೆ.

ಅವನ ಸಂಭ್ರಮ ನೋಡಬೇಕಿತ್ತು! ಅಂಗೈಯಗಲದ ಬೋರ್ಡು ಕೊರೆದು ಹೋಟೆಲಿಗೆ, ಜೀಪ್ ಸ್ಟ್ಯಾಂಡಿಗೆ, ಕೊನೆಗೆ ಪಾದ್ರಿಗಳಿಗೂ ತೋರಿಸಿ ಬಂದ. “ನಮ್ ರೈಟ್ರು ಕೊಡ್ಸಿದ್ದು!” ಆಮೇಲೆ ಸಾಫ್ಟ್‌ವೇರ್ ಬರೆದವರಿಗೆ ವಂದನೆಯ ಮೇಲ್ ಕಳಿಸಲು ಕುಳಿತ.

“ನಿಮ್ ಹೆಸ್ರೂ ಹಾಕ್ತೀನಿ. ಲೈಸೆನ್ಸ್ ನಂಬರ್ ಹೇಳ್ರಿ.”

ಬಾಯಿ ಬಿಡಲೇಬೇಕಾಯಿತು.

ಫೆಲಿಕ್ಸಣ್ಣ ಕನ್ನಡಕ ತೆಗೆದು ಒರೆಸಿದ. ಇನ್ನು ಆ ಸ್ಟೂಲು ನನಗಿಲ್ಲ ಎಂದುಕೊಂಡೆ. “ಅಲ್ಲ ಮಾರಾಯ್ರೇ, ಕದ್ದ ಮಾಲಿಗೆ ಪಾದ್ರಿಗಳ ಆಶೀರ್ವಾದ ಬೇರೆ ಮಾಡಿಸ್ಬುಟ್ನಲ್ಲ!” ಎಂದವನೇ ಹೊಟ್ಟೆ ಹಿಡಿದು ನಕ್ಕ. ಕಣ್ಣೊರೆಸಿಕೊಂಡು ಕಂಪ್ಯೂಟರಿನಿಂದ ಆ ಸಾಫ್ಟ್‌ವೇರನ್ನು ಅಳಿಸಿ ಹಾಕಿದ. “ಸಾಫ್ಟ್‌ವೇರ್ ಬರ್ದೋನಿಗೂ ಹೊಟ್ಟೆ ಐತೆ ರೈಟ್ರೇ. ಈಗ ನಾನು ಹೋದ ಕಡೆಗೆಲ್ಲಾ ನೀವೂ ಹೋಗಿ ನಿಜ ಹೇಳ್ಬನ್ನಿ.”

ಹೋದೆ. ಎಲ್ಲರಿಗಿಂತ ಜೋರಾಗಿ ನಕ್ಕವರು ಪಾದ್ರಿಗಳು.

ಆ ಮಳೆಗಾಲ ಮುಗಿಯುವುದರೊಳಗೆ ನಿಜವಾದ ಲೈಸೆನ್ಸನ್ನೇ ಕೊಂಡು ಕೊಟ್ಟೆ. ಈ ಸಲ ಮೊದಲು ಹೇಳಿದ್ದೇ ನಂಬರು. ಆದರೆ ಪುಣ್ಯಾತ್ಮ ಮತ್ತೆ ತುಂಡುಗಳನ್ನೇ ಕೊರೆದ! ಕೇಳಿದರೆ, “ಅಭ್ಯಾಸ ಆಗ್ಬುಟ್ಟೈತೆ. ಒಂದು ಸುಟ್ರೆ ಒಂದೇ ಬದ್ಲಾಯಿಸ್ಬಹುದು. ನಾನಿಲ್ದಿದ್ರೂ ನೀವೇ ಮಾಡ್ಕೋಬಹುದು.”

ಅವನು ತೀರಿಹೋಗಿ ಒಂದು ವರ್ಷವಾಯಿತು. ಮೊನ್ನೆ ನನ್ನ ತೋಟದ ಪಂಪು ನಿಂತಿತು. ಸ್ಟಾರ್ಟರಿನಲ್ಲಿ ಅವನು ಕೂರಿಸಿದ್ದ ಬೋರ್ಡಿನ ಒಂದು ತುಂಡು ಕಪ್ಪಾಗಿತ್ತು. ಅವನು ಬಿಡಿ ತುಂಡುಗಳನ್ನು ತುಂಬಿ ಕೊಟ್ಟಿದ್ದ ಬಿಸ್ಕತ್ತಿನ ಡಬ್ಬಿಯಿಂದ ಅಂಥದೇ ಇನ್ನೊಂದನ್ನು ತೆಗೆದು ನಾನೇ ಬೆಸೆದೆ. ನೀರು ಬಂತು. ಪಕ್ಕದ ತೋಟದವನು ಇಣುಕಿ, “ಏನ್ ರೈಟ್ರೇ, ತೇಪೆನಾ?” ಎಂದ.

“ಹ್ಞೂಂ ಕಣೋ,” ಎಂದೆ, “ಕದ್ದಿದ್ದಲ್ಲ.”