ಜಲವಿಲ್ಲದ ಕ್ರಯಪತ್ರ

ಗೆಳೆಯರೇ, ಇವತ್ತು ಶಿಡ್ಲಘಟ್ಟದಲ್ಲಿ ನಮ್ಮಮ್ಮ ಕ್ರಯಪತ್ರದ ಜೊತೆ ಜಗಳಕ್ಕೆ ನಿಂತಳು.

ಜಂಗಮಕೋಟೆ ಹತ್ರದ ನಮ್ಮ ಹಿಪ್ಪುನೇರಳೆ ತೋಟ ಮಾರ್ತಿದ್ವಿ. ಪತ್ರ ಬರೆಯುವವರು "ನಿಧಿ, ನಿಕ್ಷೇಪ, ಜಲ, ತರು, ಪಾಷಾಣ..." ಅಂತ ಒಂದೇ ಉಸಿರಿಗೆ ಓದ್ತಿದ್ರು. ಅಮ್ಮ ತಡೆದಳು.

"ಜಲ ಹೊಡೆದುಹಾಕಪ್ಪ. ಮೂರು ಬೋರ್ ಕೊರೆಸಿದ್ರೂ ಧೂಳೇ ಬಂದಿದ್ದು. ಇಲ್ಲದ್ದನ್ನ ಹೆಂಗೆ ಬರ್ಕೊಡಲಿ?"

"ಅದು ಹಳೇ ಕಾಲದ ಮಾತಮ್ಮ. ಎಲ್ಲಾ ಪತ್ರದಲ್ಲೂ ಇರುತ್ತೆ, ಯಾರೂ ಓದಲ್ಲ."

ಅಮ್ಮ ನನ್ನ ಕಡೆ ತಿರುಗಿದಳು. ನಾನು ಕನ್ನಡ ಮೇಷ್ಟ್ರಲ್ವಾ! "ತರು ಅಂದ್ರೇನೋ?"

"ಮರ."

"ಇದ್ದ ಒಂದು ಹೊಂಗೆ ಮರಾನೂ ಒಣಗಿಹೋಯ್ತಲ್ಲೋ. ಪಾಷಾಣ?"

"ಕಲ್ಲು."

"ಅದು ಇರಲಿ. ಅದೊಂದು ನಿಜ."

ಆಮೇಲೆ 'ಆಗಾಮಿ' ಅಂತ ಬಂತು. ಪತ್ರ ಬರೆಯುವವರಿಗೇ ಅರ್ಥ ಗೊತ್ತಿರಲಿಲ್ಲ. ನಾನು ಬಾಯಿ ಮುಚ್ಕೊಂಡು ಇರಬೇಕಿತ್ತು, ಹೇಳಿಬಿಟ್ಟೆ. "ಮುಂದೆ ಆ ನೆಲದಿಂದ ಏನು ಬಂದರೂ ಅದೆಲ್ಲ, ಅಮ್ಮ."

ಅಮ್ಮ ಪತ್ರಾನ ತನ್ನ ಕಡೆ ಎಳ್ಕೊಂಡಳು. ಆಮೇಲೆ ಕೇಳಿದಳು, "ಇನ್ನೂ ಬರದೇ ಇರೋದನ್ನೂ ಕೊಟ್ಟುಬಿಟ್ವಾ?"

ಪತ್ರ ಬರೆಯುವವರು ಒಂದು ಪದವನ್ನೂ ಹೊಡೆದುಹಾಕಲಿಲ್ಲ. 'ಓದಿಸಿ ಕೇಳಿ, ಒಪ್ಪಿ ಬರೆದುಕೊಟ್ಟ ಪತ್ರ' ಅನ್ನೋ ಸಾಲಿನ ಕೆಳಗೆ ಅಮ್ಮ ಹೆಬ್ಬೆಟ್ಟು ಒತ್ತಿದಳು. ಅದನ್ನ ಹಿಂಗೆ ಓದಿಸಿ, ಕೇಳಿ, ಒಪ್ಪದೇ ಒತ್ತಿದವಳು ಬಹುಶಃ ಅವಳೊಬ್ಬಳೇ.