ಕಾಕಾ ಒತ್ತಿದ ‘ಹೌದು’

ಕಾಕಾ ಅವರ ಬಲಗೈಯ ತೋರುಬೆರಳು ಮೌಸಿನ ಮೇಲೆ ಸಮಾಧಾನವಾಗಿ ಕೂತದ್ದನ್ನು ನಾನು ಎಂದೂ ನೋಡಲಿಲ್ಲ. ಕಾದ ಹಂಚಿನ ಮೇಲಿನ ರೊಟ್ಟಿ ತಿರುವುವವರಂತೆ ಮುಟ್ಟುವುದು, ಹಿಂದೆಗೆಯುವುದು. ಟೈಪ್‌ರೈಟರಿನ ಕಾಲದಲ್ಲಿ ಗುದ್ದಿ ಗುದ್ದಿ ತುದಿ ಚಪ್ಪಟೆಯಾದ ಬೆರಳು ಅದು.

ಕೋರ್ಟಿಗೆ ಬರುವವರೆಲ್ಲ ಅವರನ್ನು ಕಾಕಾ ಎಂದೇ ಕರೆಯುತ್ತಿದ್ದರು. ಹುನಗುಂದ ಕೋರ್ಟಿನ ಎದುರಿನ ಅವರ ಟೈಪಿಂಗ್ ಅಂಗಡಿಯಲ್ಲೇ ನನ್ನ ವಕೀಲಿಯ ಮೊದಲ ಕಾಗದಗಳೆಲ್ಲ ಟೈಪಾದವು. ನಾನು ನವನಗರದ ಬಸ್ಸಿಳಿದು ಬಂದ ಕೂಡಲೇ ಚಹಾ ತರಿಸುವರು. ಅದು ಕಂಪ್ಯೂಟರಿನ ಮೇಲೆ ಚೆಲ್ಲೀತೆಂದು ನನ್ನನ್ನೇ ಹೊರಗಿನ ಕಟ್ಟೆಗೆ ಅಟ್ಟುವರು. ಇಂಥ ಉಪಚಾರ ನನಗೆ ಬೇರೆಲ್ಲೂ ಸಿಕ್ಕಿಲ್ಲ.

ದಿನಾ ಬೆಳಿಗ್ಗೆ ಟೈಪಿಂಗ್ ಸಾಫ್ಟ್‌ವೇರು ತೆರೆದೊಡನೆ ‘ಅಪ್‌ಡೇಟ್ ಮಾಡಲೇ?’ ಎಂದು ಪರದೆಯ ಮೇಲೆ ಚೌಕವೊಂದು ಮೂಡುತ್ತಿತ್ತು. ಕಾಕಾ ‘ಆಮೇಲೆ’ ಒತ್ತುವರು. ವರ್ಷಗಟ್ಟಲೆ ಆಮೇಲೆ. ಅಷ್ಟೇಕೆ ಹೆದರುತ್ತೀರಿ ಎಂದು ಛೇಡಿಸಿದರೆ, “ಇದರೊಳಗ ಮಂದಿ ಹೊಲಾ ಮನಿ ಅದಾವ ತಂಗಿ. ನಡದದ್ದನ್ನ ಯಾಕ ಕೆಣಕಬೇಕು?” ಎನ್ನುವರು.

ದಸರೆಯ ಖಂಡೆ ಪೂಜೆಗೆ, ಅಂದರೆ ಆಯುಧ ಪೂಜೆಗೆ, ಮುಂಚೆ ಅಂಗಡಿ ತೊಳೆದು ಬಳಿಯುವುದು ನಮ್ಮ ಕಡೆಯ ಪದ್ಧತಿ. ಒಂದು ವರ್ಷ ಕಾಕಾ ಕೀಬೋರ್ಡು ಒರೆಸಿ, ಅಷ್ಟಕ್ಕೇ ಬಿಡದೆ ಕಂಪ್ಯೂಟರಿನ ಒಳಗನ್ನೂ ಸ್ವಚ್ಛ ಮಾಡಲು ಹೊರಟರು. ಹೆಸರಿನಲ್ಲಿ ‘ಅಪ್‌ಡೇಟ್’ ಎಂದಿದ್ದ ಸಾಫ್ಟ್‌ವೇರಿನ ಫೈಲೊಂದು ಕಣ್ಣಿಗೆ ಬಿತ್ತು. ಬೆಳಿಗ್ಗೆ ಬೆಳಿಗ್ಗೆ ಪೀಡಿಸುವುದು ಇದೇ ಎಂದು ಅಳಿಸಿಯೇ ಬಿಟ್ಟರು. ಆಮೇಲೆ ವಿಭೂತಿ ಹಚ್ಚಿ, ಚೆಂಡು ಹೂವಿನ ಮಾಲೆ ಹಾಕಿ ಕೈಮುಗಿದರು.

ದಸರೆಯ ರಜೆ ಮುಗಿದು ಕೋರ್ಟು ತೆರೆದ ದಿನ ಸಾಫ್ಟ್‌ವೇರು ಏಳಲಿಲ್ಲ. ಆ ಫೈಲು ಕಾಣೆಯಾಗಿದೆ ಎಂದಷ್ಟೇ ಹೇಳಿ ಮುಚ್ಚಿಕೊಂಡಿತು. ನಾನು ಮೊದಲೇ ಟೈಪ್ ಮಾಡಿಸಿಟ್ಟಿದ್ದ ದಾವೆ, ಇನ್ನೂ ಪ್ರಿಂಟ್ ತೆಗೆಯದೆ, ಅದರೊಳಗೇ ಇತ್ತು. ನನ್ನ ಕಕ್ಷಿದಾರಳು ಗಂಡನನ್ನು ಕಳೆದುಕೊಂಡವಳು. ಅವಳ ಮನೆ ತಮ್ಮ ಜಾಗದಲ್ಲಿದೆಯೆಂದು ಪಕ್ಕದವರು ಮರುದಿನ ಬೆಳಿಗ್ಗೆಯೇ ಕೆಡವಲು ಜೆಸಿಬಿ ತರುವವರಿದ್ದರು. ತಡೆಯಾಜ್ಞೆ ಅಂದೇ ಆಗಬೇಕಿತ್ತು. ಅಷ್ಟೂ ಹಾಳೆಗಳನ್ನು ಮತ್ತೆ ಟೈಪ್ ಮಾಡುವಷ್ಟು ಹೊತ್ತು ಇರಲಿಲ್ಲ. ಅವಳು ಕಟ್ಟೆಯ ಮೇಲೆ ಕೂತು ನಮ್ಮಿಬ್ಬರ ಮುಖವನ್ನೇ ನೋಡುತ್ತಿದ್ದಳು.

ರಿಪೇರಿಯವನು ಬಂದು ನೋಡಿದ. ಇಷ್ಟು ಹಳೆಯ ಸಾಫ್ಟ್‌ವೇರು ಈಗ ಎಲ್ಲೂ ಸಿಗುವುದಿಲ್ಲ, ಹೊಸದನ್ನೇ ಪೂರ್ತಿ ಹಾಕಬೇಕು ಎಂದ. ಕಾಗದಗಳ ಪ್ರತಿ ತೆಗೆದಿಡುತ್ತೇನೆ, ಆದರೆ ಹೊಸದು ಹಳೆಯ ಅಕ್ಷರ ಓದದಿದ್ದರೆ ಪ್ರತಿ ಇದ್ದೂ ಉಪಯೋಗವಿಲ್ಲ ಎಂದ. ಎಲ್ಲ ಸಿದ್ಧಮಾಡಿದ ಮೇಲೆ ಪರದೆಯಲ್ಲಿ ‘ಹೊಸದನ್ನು ಹಾಕಲೇ?’ ಎಂಬ ಚೌಕ, ಅದರಲ್ಲಿ ‘ಹೌದು’ ಮೂಡಿತು. ಕಾಕಾರ ಬೆರಳು ಮೌಸು ಮುಟ್ಟದೆ ಮೇಲೆಯೇ ನಿಂತಿತು. ಅವರ ಅಂಗಿ ಬೆವರಿಗೆ ಬೆನ್ನಿಗಂಟಿತ್ತು. ತಡೆಯಲಾಗದೆ ನಾನೇ ಕೈ ಚಾಚಿದೆ.

“ಬ್ಯಾಡ ತಂಗಿ,” ಎಂದರು. “ಅಳಿಸಿದಾವ ನಾ. ಒತ್ತಾವನೂ ನಾನ.”

ಒತ್ತಿದರು. ನೀಲಿ ಗೆರೆ ತೆವಳಿತು, ಅರ್ಧದಲ್ಲಿ ನಿಂತಿತು, ಮತ್ತೆ ತೆವಳಿತು. ಕೊನೆಗೆ ನನ್ನ ದಾವೆಯನ್ನು ತೆರೆದಾಗ ಮೊದಲ ಸಾಲು ಬರೀ ಗೀಟುಗಳು. ರಿಪೇರಿಯವನು ಏನೋ ಬದಲಿಸಿದ. ಗೀಟುಗಳು ಹೋಗಿ ಕನ್ನಡ ಬಂತು. ಕಾಕಾ ಪರದೆಗೆ ಮೂಗು ತಾಗಿಸಿ ಅವಳ ಹೆಸರು, ಮನೆಯ ನಾಲ್ಕು ದಿಕ್ಕಿನ ಗಡಿ ಓದಿಕೊಂಡರು. ನಂತರ ಕಟ್ಟೆಯ ಕಡೆ ತಿರುಗಿ, “ಬಂತವಾ, ನಿನ್ನ ಮನಿ ಬಂತು” ಎಂದರು.

ಸಂಜೆಗೆ ತಡೆಯಾಜ್ಞೆ ಸಿಕ್ಕಿತು.

ಹೋದ ಶ್ರಾವಣದಲ್ಲಿ ಕಾಕಾ ತೀರಿಕೊಂಡರು. ಆ ಕಕ್ಷಿದಾರಳೂ ಅಂತ್ಯಕ್ರಿಯೆಗೆ ಬಂದಿದ್ದಳು, ಮಣ್ಣು ಹಾಕಿ ಅದೇ ಮನೆಗೆ ಮರಳಿದಳು.

ನನ್ನ ಕಚೇರಿಯ ಕಂಪ್ಯೂಟರಿನಲ್ಲೂ ಆಗಾಗ ಆ ಚೌಕ ಮೂಡುತ್ತದೆ. ಎಲ್ಲದರ ಪ್ರತಿ ಬೇರೆಡೆ ಇದೆ, ಹೆದರಲು ಕಾರಣವಿಲ್ಲ. ಆದರೂ ಬೆರಳು ಒತ್ತದೆ ನಿಲ್ಲುತ್ತದೆ. ಒಳಗೆ ಯಾರ ಯಾರ ಮನೆಗಳಿವೆ ಎಂದು ಒಮ್ಮೆ ನೆನೆದುಕೊಂಡೇ ‘ಹೌದು’ ಒತ್ತುತ್ತೇನೆ.