ಹಾಸದೆ ನಿಂತ ಮಡಿಬಟ್ಟೆ

ಮೊಮ್ಮಗಳು ಟಿವಿಯಲ್ಲಿ ನೋಡುತ್ತಿದ್ದ ಧಾರಾವಾಹಿಯಲ್ಲಿ ತಂದೆಯೊಬ್ಬ ಮಗಳನ್ನು ಕೋಣೆಗೆ ದಬ್ಬಿ ಹೊರಗಿನಿಂದ ಚಿಲಕ ಹಾಕಿದ. ಆ ಚಿಲಕದ ಸದ್ದಿಗೆ, ಮದ್ದೂರಿನ ಬಳಿಯ ನಮ್ಮ ಹಳ್ಳಿಯ ಮಡಿವಾಳಗಿತ್ತಿ ಅವ್ವ ನೆನಪಾದರು... ಊರು ಅವರನ್ನು ಏಕವಚನದಲ್ಲೇ ಕರೆಯಿತು, ನಡುಮನೆಗೆ ಬಿಟ್ಟುಕೊಳ್ಳಲಿಲ್ಲ. ಅದು ತಪ್ಪು. ಇಲ್ಲಿ ಬಹುವಚನವನ್ನು ಬೇಕೆಂದೇ ಬಳಸುತ್ತಿದ್ದೇನೆ.

ಶಿವಪುರದ ಧ್ವಜ ಸತ್ಯಾಗ್ರಹಕ್ಕೆ ಖಾದಿ ತೊಟ್ಟು ಹೋಗಿಬಂದಿದ್ದ ಅಪ್ಪ, ಕೆಲವು ವರ್ಷಗಳ ತರುವಾಯ ನಾನು ಮೈನೆರೆದ ದಿನವೇ ನನ್ನನ್ನು ಶಾಲೆ ಬಿಡಿಸಿದರು. ತಾಯಿಯಿಲ್ಲದ ಹುಡುಗಿ ದಾರಿ ತಪ್ಪಬಾರದೆಂಬ ನೆಪ. ಗೆಳತಿಯರು ಬರಕೂಡದು, ಮೈಲಿಗೆ ಕಳೆದ ಮೇಲೆ ಮದುವೆಯವರೆಗೆ ಒಳಕೋಣೆಯೇ ಗತಿ. ದೇಶಕ್ಕೆ ಸ್ವಾತಂತ್ರ್ಯ ಕೇಳಿದವರು ಮಗಳ ಕಿಟಕಿಗೆ ಹಲಗೆ ಹೊಡೆಸಿದ್ದರು.

ಮೈಲಿಗೆಯ ದಿನಗಳಿಗೆಂದು ಸೋದರಮಾವ ಕಟ್ಟಿದ ಸೊಪ್ಪಿನ ಗುಡಿಸಲಿನಲ್ಲಿ ನಾನು ಕುಳಿತಿದ್ದಾಗ, ಅಪ್ಪನಿಂದ ತಡೆಯಲಾಗದಿದ್ದವರು ಅವ್ವ ಒಬ್ಬರೇ. ಮೈಲಿಗೆಯ ಬಟ್ಟೆ ಒಯ್ಯುವುದು ಅವರ ಪಾಲಿನ ಕೆಲಸ. “ಅವ್ವಾ, ನಾ ಇಸ್ಕೂಲ್ಗೆ ಓಗ್ಬೇಕು” ಎಂದು ಅತ್ತುಬಿಟ್ಟೆ. ಅವರು ಬಟ್ಟೆಯ ಗಂಟು ಕಟ್ಟಿಕೊಂಡು ಹೋದರು.

ಹಸೆಗೆ ಕೂರಿಸುವ ದಿನ ಚಪ್ಪರದ ತುಂಬ ನೆಂಟರು. ಮಡಿವಾಳಗಿತ್ತಿ ಒಗೆದ ಬಟ್ಟೆ ಹಾಸದೆ ಹುಡುಗಿ ಹಸೆಗೆ ಕೂರುವಂತಿಲ್ಲ. ಹಸೆಯಾಗದೆ ಮೈಲಿಗೆ ಕಳೆಯುವಂತಿಲ್ಲ, ಊಟಕ್ಕೆ ಎಲೆ ಹಾಕುವಂತಿಲ್ಲ. ಅವ್ವ ಮಡಿಬಟ್ಟೆಯನ್ನು ಕಂಕುಳಲ್ಲಿ ಅವುಚಿಕೊಂಡು ಅಂಗಳದಲ್ಲಿ ನಿಂತುಬಿಟ್ಟರು.

“ಮಗೀನ ಇಸ್ಕೂಲ್ಗೆ ಕಳುಸ್ತೀನಿ ಅಂತ ಎಲ್ರ ಮುಂದೆ ಯೇಳಿ ಗೌಡ್ರೆ, ಆಸ್ತೀನಿ.”

“ಏನಮ್ಮಿ, ಕೊಬ್ಬಾ?” ಎಂದರು ಅಪ್ಪ. “ದುದ್ದದಿಂದ ಇನ್ನೊಬ್ಳ ಕರುಸ್ತೀನಿ.”

“ಕರುಸಿ. ನಮ್ಮೋರಲ್ಲಿ ಒಬ್ರ ಅಳ್ಳಿಗೆ ಇನ್ನೊಬ್ರು ಬರಾಕಿಲ್ಲ. ಅಷ್ಟರಲ್ಲಿ ನಿಮ್ಮ ಪಾಯ್ಸ ಅಳಸೋಯ್ತದೆ.”

ನೆಂಟರು ನಕ್ಕರು. “ಒಪ್ಕೊಬುಡಿ ಭಾವ, ಒಟ್ಟೆ ಅಸೀತದೆ” ಎಂದ ಸೋದರಮಾವ.

ಅಪ್ಪ ನೆಲ ನೋಡುತ್ತ, “ಆಯ್ತು, ಕಳುಸ್ತೀನಿ” ಎಂದರು. ಅವ್ವ ಬಟ್ಟೆ ಹಾಸಿ, ಸುಕ್ಕು ತೀಡಿ, ನನ್ನನ್ನು ಕೈಹಿಡಿದು ಕೂರಿಸಿದರು.

ಹತ್ತು ಜನರ ಮುಂದೆ ಆಡಿದ ಮಾತನ್ನು ಅಪ್ಪ ಮುರಿಯಲಿಲ್ಲ. ಆದರೆ ಆ ಸುಗ್ಗಿಯಲ್ಲಿ, ವರ್ಷವಿಡೀ ಬಟ್ಟೆ ಒಗೆದ ಕೂಲಿಯಾಗಿ ಕಣದಿಂದ ಅವ್ವನಿಗೆ ಸಲ್ಲಬೇಕಿದ್ದ ರಾಗಿಯನ್ನು ನಿಲ್ಲಿಸಿದರು. ಅದು ಅನ್ಯಾಯ. ಅವ್ವನಿಗೂ ನನ್ನದೇ ವಯಸ್ಸಿನ ಮಗಳಿದ್ದಳು; ಅವಳಿಗೆ ಶಾಲೆ ಬೇಕೆಂದು ಊರಿನಲ್ಲಿ ಒಬ್ಬರೂ ಕೇಳಲಿಲ್ಲ. ಅದು ಇನ್ನೂ ದೊಡ್ಡ ಅನ್ಯಾಯ. ಮಗಳನ್ನು ಕರೆದುಕೊಂಡು ಅವರು ಮಳವಳ್ಳಿಯ ಕಡೆ ಹೊರಟುಹೋದರು...

ಮುಂದೆ ನಾನು ಶಿಕ್ಷಕಿಯಾಗಿ ಮಳವಳ್ಳಿಗೆ ಹೋದಾಗ ವಿಚಾರಿಸಿದೆ. ಅವ್ವ ತೀರಿಕೊಂಡು ಬಹಳ ಕಾಲವಾಯಿತೆಂದರು; ಮಗಳ ಸುಳಿವು ಸಿಗಲಿಲ್ಲ.

“ಆ ಅವ್ವನ ಫೋಟೊ ಇದೆಯಾ ಅಜ್ಜಿ?” ಎಂದು ಮೊಮ್ಮಗಳು ಕೇಳಿದಳು. ಇಲ್ಲ. ಅಪ್ಪನದು ಗೋಡೆಯ ಮೇಲಿದೆ. ಈ ಮನೆಯಲ್ಲಿ ಅವ್ವನ ಮುಖ ಬಲ್ಲವಳು ಈಗ ನಾನೊಬ್ಬಳೇ. ನನಗೂ ಅದು ಮಸುಕಾಗುತ್ತಿದೆ... ಅದಕ್ಕೇ ಬರೆದಿಡುತ್ತಿದ್ದೇನೆ. ಬರೆಯಬಲ್ಲೆನಾದರೆ, ಅದು ಅವರಿಂದ.